ಬೀಗವೂ ಅಪ್ಪಣೆಯೂ

ಪರರ ವಸ್ತುವನ್ನು ಅವರ ಅಪ್ಪಣೆಯಿಲ್ಲದೆ ಎತ್ತಿಕೊಂಡು ಹೋಗುವುದು ಕಳವು. ಇದನ್ನು ತಿಳಿಯುವುದಕ್ಕೆ ಶಾಸ್ತ್ರಜ್ಞಾನವೇನೂ ಬೇಡ. ಅಕ್ಷರವರಿಯದವನಿಗೂ ಇದು ಗೊತ್ತು. ಆದರೆ ಒಬ್ಬನು ಆ ವಸ್ತುವನ್ನು ಎಲ್ಲಿಗೂ ಒಯ್ಯದೆ, ಅದು ಇದ್ದ ಸ್ಥಳದಲ್ಲಿಯೇ ತನ್ನ ಕೆಲಸಕ್ಕೆ ಬಳಸಿಕೊಂಡು, ಎಳ್ಳಷ್ಟೂ ಸವೆಯದಂತೆ ಮೊದಲಿನ ಹಾಗೆಯೇ ಬಿಟ್ಟುಹೋದನೆಂದು ಇಟ್ಟುಕೊಳ್ಳೋಣ. ಒಡೆಯನಿಗೆ ಕಾಸಿನ ನಷ್ಟವಿಲ್ಲ. ನಡೆದ ಸಂಗತಿಯು ಅವನಿಗೆ ಎಂದೆಂದಿಗೂ ತಿಳಿಯದೆಯೂ ಹೋಗಬಹುದು. ಹಾಗಾದರೆ ಆ ಕಾರ್ಯದಲ್ಲಿ ದೋಷವುಂಟೇ? ಉಂಟೆಂದಾದರೆ ಆ ದೋಷಕ್ಕೆ ಆಧಾರವೇನು?

ಹಿಂದೆ ಇಂಥ ಪ್ರಶ್ನೆಯು ತರ್ಕಮಾಡುವವರ ವಿನೋದಕ್ಕಾಗಿ ಹುಟ್ಟಿದುದೆಂದು ತೋರುತ್ತಿದ್ದಿರಬಹುದು. ಈಗ ಹಾಗಿಲ್ಲ. ಕಂಪ್ಯೂಟರೂ ಮೊಬೈಲ್ ಫೋನೂ ಮನೆಮನೆಗೆ ಬಂದಿರುವ ಈ ದಿನಗಳಲ್ಲಿ ಇದು ಜೀವನದ ನಿತ್ಯಪ್ರಶ್ನೆಯಾಗಿದೆ. ನೆರೆಯವನ ನೇಗಿಲನ್ನು ಕೇಳದೆ ಒಂದು ಹೊತ್ತು ಹೂಡಿದರೆ ಅದರ ಗುಳ ಸವೆಯುತ್ತದೆ, ಮಣ್ಣು ಮೆತ್ತುತ್ತದೆ, ನೋಡಿದವರು ಹೇಳುತ್ತಾರೆ. ಫೋನಿನ ಸಂಗತಿಯೇ ಬೇರೆ. ಅದರೊಳಗೆ ಒಡೆಯನ ಪತ್ರಗಳಿವೆ, ಭಾವಚಿತ್ರಗಳಿವೆ, ಬ್ಯಾಂಕಿನ ಲೆಕ್ಕವಿದೆ, ವೈದ್ಯನು ಬರೆದುಕೊಟ್ಟ ಚೀಟಿಯಿದೆ, ನಿನ್ನೆ ಸಂಜೆ ಅವನು ಎಲ್ಲಿದ್ದನೆಂಬ ಗುರುತೂ ಇದೆ. ಇವೆಲ್ಲವನ್ನೂ ಒಬ್ಬನು ಒಂದು ಗಳಿಗೆಯಲ್ಲಿ ಓದಿಕೊಳ್ಳಬಹುದು. ಓದಿದ ಮೇಲೆ ಒಂದಕ್ಷರವೂ ಕಡಿಮೆಯಾಗಿರುವುದಿಲ್ಲ. ಕಾಗದದ ಲಕೋಟೆಯಾದರೆ ಒಡೆದ ಗುರುತಾದರೂ ಉಳಿದೀತು. ಇಲ್ಲಿ ಅನೇಕ ವೇಳೆ ಅದೂ ಇಲ್ಲ.

ಈ ಬಗೆಯ ಅತಿಕ್ರಮವು ಸಾಧನದಷ್ಟೇ ಹಳೆಯದು. ಅಮೆರಿಕದ ಮ್ಯಾಸಚೂಸೆಟ್ಸ್ ತಂತ್ರಜ್ಞಾನ ಸಂಸ್ಥೆಯಲ್ಲಿ 1961ರಲ್ಲಿ ಅನೇಕರು ಒಂದೇ ಕಂಪ್ಯೂಟರನ್ನು ಹಂಚಿಕೊಂಡು ಕೆಲಸಮಾಡುವ ಏರ್ಪಾಡೊಂದನ್ನು ರಚಿಸಿದರು. ಒಬ್ಬರ ಬರಹವನ್ನು ಇನ್ನೊಬ್ಬರು ನೋಡದಿರಲೆಂದು ಅದರಲ್ಲಿ ಪ್ರತಿಯೊಬ್ಬನಿಗೂ ಒಂದೊಂದು ಗುಪ್ತಪದವನ್ನು ಕೊಟ್ಟಿದ್ದರು. ಈಗ ನಾವೆಲ್ಲರೂ ಪಾಸ್‌ವರ್ಡ್ ಎಂದು ಕರೆಯುವುದು ಇದನ್ನೇ. ಮರುವರ್ಷ, ಎಂದರೆ 1962ರಲ್ಲಿ, ತನಗೆ ನಿಯಮಿಸಿದ್ದ ಯಂತ್ರಕಾಲವು ಸಾಲದೆಂದು ಕಂಡ ಒಬ್ಬ ಸಂಶೋಧಕನು ಆ ಗುಪ್ತಪದಗಳ ಪಟ್ಟಿಯನ್ನೇ ಉಪಾಯದಿಂದ ಅಚ್ಚುಮಾಡಿಸಿಕೊಂಡು, ಇತರರ ಹೆಸರಿನಲ್ಲಿ ಯಂತ್ರವನ್ನು ಬಳಸಿದನು. ಆತನು ಕೊಂಡುಹೋದ ಪದಾರ್ಥ ಯಾವುದು? ಯಾವುದೂ ಇಲ್ಲ, ಹೋದದ್ದು ಇತರರಿಗೆ ಸಲ್ಲಬೇಕಾಗಿದ್ದ ಕಾಲ. ಆತನ ಉದ್ದೇಶವೂ ವಿದ್ಯಾವ್ಯಾಸಂಗವೇ ಆಗಿತ್ತು. ಹೀಗೆ ಬೀಗವನ್ನು ಇಟ್ಟ ಎರಡನೆಯ ವರ್ಷದಲ್ಲಿಯೇ ಬೀಗ ಬಿಚ್ಚುವವನೂ ಹುಟ್ಟಿದನು, ಮತ್ತು ಅವನು ನಮ್ಮ ಕಲ್ಪನೆಯ ಕಳ್ಳನನ್ನು ಸ್ವಲ್ಪವೂ ಹೋಲುತ್ತಿರಲಿಲ್ಲ.

ಕಾನೂನು ಈ ಸಂಗತಿಯನ್ನು ಕಂಡು ಬಹುಕಾಲ ತಬ್ಬಿಬ್ಬಾಯಿತು. ಏಕೆಂದರೆ ಕಳವಿನ ಲಕ್ಷಣವನ್ನು ಹೇಳಿದ ಶಾಸನಗಳೆಲ್ಲವೂ ಜಂಗಮವಸ್ತುವೊಂದನ್ನು ಒಬ್ಬರ ಸ್ವಾಧೀನದಿಂದ ಕದಲಿಸುವುದನ್ನು ಮನಸ್ಸಿನಲ್ಲಿಟ್ಟುಕೊಂಡು ಹುಟ್ಟಿದವು. 1860ರ ಭಾರತ ದಂಡಸಂಹಿತೆಯ ಲಕ್ಷಣವೂ ಅದೇ. 2024ರ ಜುಲೈ 1ರಿಂದ ಅದರ ಸ್ಥಾನಕ್ಕೆ ಬಂದಿರುವ ಭಾರತೀಯ ನ್ಯಾಯ ಸಂಹಿತೆಯ ಲಕ್ಷಣವೂ ಅದೇ. ಇಂಗ್ಲೆಂಡಿನ ಲಿವರ್‌ಪೂಲಿನಲ್ಲಿ 1970ರ ದಶಕದಲ್ಲಿ ಒಬ್ಬ ವಿದ್ಯಾರ್ಥಿಯು ಪರೀಕ್ಷೆಗೆ ಮುಂಚೆಯೇ ಪ್ರಶ್ನಪತ್ರಿಕೆಯ ಪ್ರತಿಯನ್ನು ಸಂಪಾದಿಸಿ ಓದಿಕೊಂಡನು. ಕಾಗದವನ್ನು ಉಳಿಸಿಕೊಳ್ಳುವ ಯೋಚನೆ ಅವನಿಗಿರಲಿಲ್ಲ. ಅದರಲ್ಲಿದ್ದ ವಿಷಯವು ಸ್ವತ್ತಲ್ಲವಾದುದರಿಂದ ಇದು ಕಳವಾಗದೆಂದು ನ್ಯಾಯಾಲಯವು ಹೇಳಬೇಕಾಯಿತು. ಅದೇ ದೇಶದಲ್ಲಿ 1980ರ ದಶಕದ ಮಧ್ಯಭಾಗದಲ್ಲಿ ಇಬ್ಬರು ಬೇರೊಬ್ಬರ ಗುಪ್ತಪದವನ್ನು ಉಪಯೋಗಿಸಿ ಪ್ರೆಸ್ಟೆಲ್ ಎಂಬ ಕಂಪ್ಯೂಟರ್ ವ್ಯವಸ್ಥೆಯನ್ನು ಹೊಕ್ಕು, ರಾಣಿಯ ಪತಿಯಾದ ಫಿಲಿಪ್ ರಾಜಕುಮಾರನ ಅಂಚೆಪೆಟ್ಟಿಗೆಯವರೆಗೂ ಹೋದರು. ಬೇರೆ ಕಾನೂನು ಸಿಕ್ಕದ ಕಾರಣ ಅವರ ಮೇಲೆ ಖೋಟಾದಸ್ತಾವೇಜಿನ ಆರೋಪವನ್ನು ಹೊರಿಸಿದರು. ಅದು ನಿಲ್ಲಲಿಲ್ಲ, 1988ರಲ್ಲಿ ಅಲ್ಲಿಯ ಅತ್ಯುಚ್ಚ ನ್ಯಾಯಪೀಠವು ಅವರ ಬಿಡುಗಡೆಯನ್ನು ಸ್ಥಿರಪಡಿಸಿತು. ಇದಾದ ಮೇಲೆ 1990ರಲ್ಲಿ ಕಂಪ್ಯೂಟರಿನ ದುರುಪಯೋಗವನ್ನು ಕುರಿತ ಅಧಿನಿಯಮವು ಹುಟ್ಟಿತು. ಅಪ್ಪಣೆಯಿಲ್ಲವೆಂದು ತಿಳಿದೂ ಒಳಹೊಗಲು ಯತ್ನಿಸುವುದೇ, ಮುಂದೆ ಯಾವ ಹಾನಿಯೂ ಆಗದಿದ್ದರೂ, ಅಪರಾಧವೆಂದು ಆ ಅಧಿನಿಯಮವು ವಿಧಿಸಿತು.

ನಮ್ಮ ದೇಶದಲ್ಲಿ 2000ದ ಮಾಹಿತಿ ತಂತ್ರಜ್ಞಾನ ಅಧಿನಿಯಮವು ಇದೇ ಕೆಲಸವನ್ನು ಮಾಡಿತು. ಅದರ 43ನೆಯ ಪ್ರಕರಣದ ಆರಂಭದಲ್ಲಿಯೇ, ಒಡೆಯನ ಅಥವಾ ಉಸ್ತುವಾರಿಯಲ್ಲಿರುವವನ ಅನುಮತಿಯಿಲ್ಲದೆ, ಎಂಬ ಅಭಿಪ್ರಾಯದ ಮಾತಿದೆ. ಉಳಿದುದೆಲ್ಲವೂ ಆ ಮಾತನ್ನು ಹೊಂದಿಕೊಂಡು ನಿಂತಿದೆ: ಅನುಮತಿಯಿಲ್ಲದೆ ಪ್ರವೇಶಿಸುವುದು, ಪ್ರತಿ ತೆಗೆಯುವುದು, ಕೆಡಿಸುವುದು, ಒಡೆಯನನ್ನೇ ಹೊರಗಿಡುವುದು. ಇವಕ್ಕೆ ಪರಿಹಾರದ್ರವ್ಯವನ್ನು ತೆರಬೇಕು. ಇವನ್ನೇ ಅಪ್ರಾಮಾಣಿಕವಾಗಿ ಅಥವಾ ವಂಚನೆಯಿಂದ ಮಾಡಿದರೆ 66ನೆಯ ಪ್ರಕರಣದ ಪ್ರಕಾರ 3 ವರ್ಷದವರೆಗೆ ಸೆರೆ, ಅಥವಾ 5 ಲಕ್ಷ ರೂಪಾಯಿಯವರೆಗೆ ದಂಡ, ಅಥವಾ ಎರಡೂ. ಮತ್ತೊಬ್ಬರ ಗುಪ್ತಪದವನ್ನು ವಂಚನೆಯಿಂದ ಬಳಸುವುದಕ್ಕೆ 2008ರ ತಿದ್ದುಪಡಿಯಲ್ಲಿ ಪ್ರತ್ಯೇಕ ಶಿಕ್ಷೆಯೂ ಸೇರಿತು. ಮೊಬೈಲ್ ಫೋನು ಈ ಶಾಸನದ ಅರ್ಥದಲ್ಲಿ ಕಂಪ್ಯೂಟರೇ ಎಂದು 2005ರಲ್ಲಿ ಆಂಧ್ರಪ್ರದೇಶದ ಉಚ್ಚ ನ್ಯಾಯಾಲಯವು ನಿರ್ಣಯಿಸಿತು. ಆದುದರಿಂದ ಅಂಗಿಯ ಜೇಬಿನಲ್ಲಿರುವ ಯಂತ್ರಕ್ಕೂ ಕಚೇರಿಯ ಯಂತ್ರಕ್ಕೂ ಇರುವ ರಕ್ಷೆ ಒಂದೇ.

ಇಲ್ಲಿ ಗಮನಿಸತಕ್ಕ ಅಂಶವೊಂದಿದೆ. ಹಾನಿಯನ್ನು ಅಳೆದು ದೋಷವನ್ನು ನಿರ್ಣಯಿಸುವ ಹಾದಿಯನ್ನು ಈ ಶಾಸನಗಳು ಬಿಟ್ಟು, ಅಪ್ಪಣೆಯಿತ್ತೇ ಇಲ್ಲವೇ ಎಂಬುದನ್ನು ಮೊದಲು ಕೇಳುತ್ತವೆ. ಇದು ಪಶ್ಚಿಮದಿಂದ ಬಂದ ಹೊಸ ವಿಚಾರವೆಂದು ಕೆಲವರು ಎಣಿಸಬಹುದು. ಹಾಗೆಣಿಸುವುದಕ್ಕೆ ಮುಂಚೆ ನಮ್ಮ ವ್ಯವಹಾರಶಾಸ್ತ್ರವನ್ನು ಒಮ್ಮೆ ನೋಡುವುದು ಒಳ್ಳೆಯದು. ಯಾಜ್ಞವಲ್ಕ್ಯಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಉಪನಿಧಿಯ ಪ್ರಕರಣವಿದೆ. ಒಳಗೇನಿದೆಯೆಂದು ಹೇಳದೆ, ಭರಣಿಯಲ್ಲಿಯೋ ಪೆಟ್ಟಿಗೆಯಲ್ಲಿಯೋ ಇಟ್ಟು, ಮತ್ತೊಬ್ಬನ ಕೈಗೆ ಒಪ್ಪಿಸಿದ ದ್ರವ್ಯಕ್ಕೆ ಉಪನಿಧಿಯೆಂದು ಹೆಸರು. ಅದನ್ನು ಕೊಟ್ಟ ಹಾಗೆಯೇ ಹಿಂದಕ್ಕೆ ಕೊಡಬೇಕು. ಇಟ್ಟುಕೊಂಡವನು ಅದನ್ನು ತನ್ನಿಚ್ಛೆಯಿಂದ ಉಪಭೋಗಿಸಿದರೆ ಅವನು ದಂಡಾರ್ಹನು. ಅಷ್ಟೇ ಅಲ್ಲ, ವೃದ್ಧಿಸಹಿತವಾಗಿ ದ್ರವ್ಯವನ್ನು ಕೊಡತಕ್ಕವನು. ಬೇಡಿ ತಂದ ವಸ್ತು ಮೊದಲಾದುವಕ್ಕೂ ಇದೇ ವಿಧಿ. ನಾರದಸ್ಮೃತಿಯು ಕೆಲಸಕ್ಕಾಗಿ ಶಿಲ್ಪಿಗಳ ಕೈಗೆ ಕೊಟ್ಟ ಪದಾರ್ಥಗಳಿಗೂ ಇದನ್ನು ವಿಸ್ತರಿಸುತ್ತದೆ. ಯಾಜ್ಞವಲ್ಕ್ಯಸ್ಮೃತಿಗೆ ಪ್ರಸಿದ್ಧ ವ್ಯಾಖ್ಯಾನವಾದ ಮಿತಾಕ್ಷರೆಯನ್ನು ವಿಜ್ಞಾನೇಶ್ವರನು ರಚಿಸಿದ್ದು ನಮ್ಮ ನಾಡಿನ ಕಲ್ಯಾಣದಲ್ಲಿ, ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಆಳಿಕೆಯಲ್ಲಿ. ಅದೇ ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣ. ಇಂದು ಮೊಬೈಲ್ ರಿಪೇರಿಯ ಅಂಗಡಿಯಲ್ಲಿ ಫೋನನ್ನೂ ಅದರ ಗುಪ್ತಸಂಖ್ಯೆಯನ್ನೂ ಕೊಟ್ಟು ಬರುವವನು ನಾರದನು ಹೇಳಿದ ಸ್ಥಿತಿಯಲ್ಲಿಯೇ ಇದ್ದಾನೆ. ಗಾಜನ್ನು ಬದಲಾಯಿಸುವುದಕ್ಕೆ ಕೊಟ್ಟ ಅಪ್ಪಣೆಯು ಚಿತ್ರಗಳನ್ನು ನೋಡುವುದಕ್ಕೆ ಕೊಟ್ಟ ಅಪ್ಪಣೆಯಾಗುವುದಿಲ್ಲ.

ತನ್ನಿಚ್ಛೆಯಿಂದ ಎಂಬ ಆ ಮಾತಿನಲ್ಲಿ ವಿಷಯದ ತಿರುಳಿದೆಯೆಂದು ನನಗೆ ತೋರುತ್ತದೆ. ಒಂದು ವಸ್ತು ನನ್ನದೆಂದರೆ, ಅದರ ವಿಷಯದಲ್ಲಿ ನನ್ನ ಇಚ್ಛೆಯು ನಡೆಯಬೇಕೆಂದು ಅರ್ಥ. ಇನ್ನೊಬ್ಬನು ತನ್ನ ಇಚ್ಛೆಯನ್ನು ನನ್ನ ಇಚ್ಛೆಯ ಸ್ಥಾನದಲ್ಲಿ ಕುಳ್ಳಿರಿಸಿದಾಗ, ವಸ್ತು ಸವೆಯಲಿ ಸವೆಯದಿರಲಿ, ನಾನು ಅಷ್ಟರಮಟ್ಟಿಗೆ ಒಡೆತನದಿಂದ ತಳ್ಳಲ್ಪಟ್ಟೆನು. ಈ ನ್ಯಾಯದಿಂದ ಒಂದು ವಿನಾಯಿತಿಯೂ ತಾನಾಗಿ ಹೊರಡುತ್ತದೆ. ರಸ್ತೆಯಲ್ಲಿ ಅಪಘಾತವಾಗಿ ಪ್ರಜ್ಞೆತಪ್ಪಿ ಬಿದ್ದವನ ಫೋನಿನಿಂದ ಅವನ ಮನೆಯವರಿಗೆ ಸುದ್ದಿ ಮುಟ್ಟಿಸುವವನು ಅಪ್ಪಣೆಯನ್ನು ಕೇಳಿಲ್ಲ. ಆದರೂ ಆತನು ನಡೆಸಿದುದು ಬಿದ್ದವನ ಇಚ್ಛೆಯನ್ನೇ. ಅದೇ ಫೋನನ್ನು ಕುತೂಹಲಕ್ಕಾಗಿ ತಿರುವಿಹಾಕಿದರೆ, ಆ ಕ್ಷಣದಿಂದ ತನ್ನಿಚ್ಛೆಯು ಕಾಲಿಟ್ಟಿತು.

ಇಲ್ಲಿ ಒಂದು ಪೂರ್ವಪಕ್ಷವು ಏಳುತ್ತದೆ. ಬೀಗಹಾಕದೆ ಬಿಟ್ಟವನದೇ ತಪ್ಪಲ್ಲವೇ? ಸುಲಭವಾಗಿ ತೆರೆಯಬಲ್ಲ ಬೀಗವನ್ನು ಹಾಕಿದವನು ತೆರೆದವನನ್ನು ಹೇಗೆ ದೂರಬಹುದು? ಇದಕ್ಕೆ ಉತ್ತರವಾಗಿ ಬೀಗಗಳ ಚರಿತ್ರೆಯಲ್ಲಿ ಹೆಸರಾದ ಒಂದು ಸಂಗತಿಯನ್ನು ಹೇಳಬಹುದು. ಲಂಡನ್ನಿನ ಪಿಕಡಿಲಿಯಲ್ಲಿ ಜೋಸೆಫ್ ಬ್ರಾಮಾ ಎಂಬ ಶಿಲ್ಪಿಯ ಅಂಗಡಿಯ ಕಿಟಕಿಯಲ್ಲಿ ಒಂದು ಬೀಗವನ್ನು ತೂಗಹಾಕಿ, ಅದನ್ನು ಕೈಯಿಲ್ಲದೆ ತೆರೆಯಬಲ್ಲ ಉಪಕರಣವನ್ನು ಮಾಡಿದವನಿಗೆ 200 ಗಿನಿಗಳ ಬಹುಮಾನವೆಂದು ಬರೆದಿದ್ದರು. ಅರ್ಧ ಶತಮಾನದ ಕಾಲ ಅದು ಅಜೇಯವಾಗಿ ನಿಂತಿತು. 1851ರಲ್ಲಿ ಲಂಡನ್ನಿನ ಮಹಾಪ್ರದರ್ಶನಕ್ಕೆ ಬಂದ ಹಾಬ್ಸ್ ಎಂಬ ಅಮೆರಿಕದ ಬೀಗತಜ್ಞನು, ಬ್ರಾಮಾ ಸಂಸ್ಥೆಯವರ ಒಪ್ಪಿಗೆಯನ್ನು ಪಡೆದು, ಮಧ್ಯಸ್ಥರ ಎದುರಿಗೆ, 16 ದಿನಗಳಲ್ಲಿ ಒಟ್ಟು 51 ಗಂಟೆಗಳಷ್ಟು ಹೊತ್ತು ದುಡಿದು ಅದನ್ನು ತೆರೆದನು. ಜನರು ಗಾಬರಿಯಾದರು. ಬೀಗದ ಲೋಪಗಳನ್ನು ಬಹಿರಂಗಪಡಿಸಿದರೆ ಕಳ್ಳರಿಗೆ ಪಾಠ ಹೇಳಿದಂತಾಗುವುದೆಂದು ಕೆಲವರು ಆಕ್ಷೇಪಿಸಿದರು. ಕಳ್ಳರಿಗೆ ಆ ಪಾಠವು ಮೊದಲೇ ಬರುವುದೆಂದೂ, ತಿಳಿಯದಿರುವವರು ಸಾಧುಗಳು ಮಾತ್ರವೆಂದೂ ಇನ್ನು ಕೆಲವರು ಉತ್ತರಕೊಟ್ಟರು.

ಹಾಬ್ಸನ ಕೈಗಳು ಮಾಡಿದ ಕೆಲಸಕ್ಕೂ ಕನ್ನಗಳ್ಳನ ಕೈಗಳು ಮಾಡುವ ಕೆಲಸಕ್ಕೂ ಕ್ರಿಯೆಯಲ್ಲಿ ಭೇದವಿಲ್ಲ. ಆತನನ್ನು ಉಪಕಾರಿಯೆಂದೂ ಕಳ್ಳನನ್ನು ಅಪರಾಧಿಯೆಂದೂ ಮಾಡುವುದು ಅಪ್ಪಣೆ. ಬೀಗದ ಗಟ್ಟಿತನವು ಈ ತೀರ್ಪಿನೊಳಕ್ಕೆ ಬರುವುದೇ ಇಲ್ಲ. ಬೀಗವೆಂಬುದು ಒಡೆಯನ ಇಚ್ಛೆಯ ಗುರುತು. ಗುರುತು ದುರ್ಬಲವಾಗಿದ್ದ ಮಾತ್ರಕ್ಕೆ ಇಚ್ಛೆಯು ಇಲ್ಲವಾಗುವುದಿಲ್ಲ. ಹೊಲಕ್ಕೆ ಮುಳ್ಳುಬೇಲಿಯನ್ನು ಹಾಕಿದವನು ಕಲ್ಲುಗೋಡೆಯನ್ನು ಏಕೆ ಕಟ್ಟಲಿಲ್ಲವೆಂದು, ಬೆಳೆಯನ್ನು ಕೊಯ್ದವನು ಕೇಳುವ ಹಾಗಿಲ್ಲ.

ಹೀಗೆಂದ ಮಾತ್ರಕ್ಕೆ ರಕ್ಷಣೋಪಾಯಗಳು ಬೇಡವೆಂದು ಅರ್ಥವಲ್ಲ. ಕಾನೂನು ಕೃತ್ಯವು ನಡೆದ ಮೇಲೆ ಬರುತ್ತದೆ, ಬೀಗವು ಮೊದಲೇ ನಿಂತಿರುತ್ತದೆ. ಉದ್ದವಾದ ಗುಪ್ತಪದ, ಬೆರಳಿನ ಗುರುತು, ಒಂದೇ ಸಲಕ್ಕೆ ಬರುವ ಒ.ಟಿ.ಪಿ. ಸಂಖ್ಯೆ, ಇವೆಲ್ಲವೂ ಅಪರಿಚಿತನನ್ನು ದೂರವಿಡುತ್ತವೆ. ಪ್ರತಿಯೊಂದು ಮೊಬೈಲ್ ಸಾಧನಕ್ಕೂ ಐ.ಎಂ.ಇ.ಐ. ಎಂಬ 15 ಅಂಕೆಗಳ ಗುರುತುಸಂಖ್ಯೆಯಿರುತ್ತದೆ. ಫೋನು ಕಳೆದುಹೋದಾಗ ಆ ಸಂಖ್ಯೆಯನ್ನು ಸರಕಾರಕ್ಕೆ ತಿಳಿಸಿ, ದೇಶದ ಯಾವ ಸಂಪರ್ಕಜಾಲದಲ್ಲಿಯೂ ಅದು ನಡೆಯದಂತೆ ತಡೆಹಾಕಿಸುವ ಏರ್ಪಾಡು 2023ರ ಮೇ ತಿಂಗಳಿನಿಂದ ಸಂಚಾರ್ ಸಾಥಿಯ ಮೂಲಕ ದೇಶಕ್ಕೆಲ್ಲ ದೊರೆಯಿತು. ಕದ್ದ ವಸ್ತು ಕಳ್ಳನಿಗೆ ಉಪಯೋಗಕ್ಕೆ ಬಾರದಂತೆ ಮಾಡುವ ಈ ಉಪಾಯವು ಕಾವಲಿಗಿಂತ ಜಾಣತನದ್ದು.

ಆದರೆ ಬೀಗಕ್ಕೆ ಒಂದು ಎಲ್ಲೆಯಿದೆ. ಬೀಗದ ಕೈಯನ್ನು ಯಾರಿಗೆ ಕೊಟ್ಟಿದ್ದೇವೆಯೋ ಅವರನ್ನು ಅದು ತಡೆಯಲಾರದು. ಕಾನೂನು ಕೂಡ ಈ ಸ್ಥಳದಲ್ಲಿ ಎಡವುತ್ತದೆ. ಅಮೆರಿಕದ ಜಾರ್ಜಿಯಾ ಸಂಸ್ಥಾನದ ಪೊಲೀಸು ಅಧಿಕಾರಿಯೊಬ್ಬನು ಹಣದಾಸೆಯಿಂದ, ತನ್ನ ಅಧಿಕಾರದ ಗುಪ್ತಪದವನ್ನೇ ಬಳಸಿ, ವಾಹನವೊಂದರ ವಿವರವನ್ನು ಸರಕಾರಿ ದಾಖಲೆಯಲ್ಲಿ ಹುಡುಕಿದನು. ಆತನು ಆ ದಾಖಲೆಯನ್ನು ನೋಡಲು ಅರ್ಹನಾಗಿದ್ದನು; ನೋಡಿದ ಉದ್ದೇಶವು ಮಾತ್ರ ಕೆಟ್ಟದಾಗಿತ್ತು. 1986ರ ಅಲ್ಲಿಯ ಕಂಪ್ಯೂಟರ್ ವಂಚನೆಯ ಶಾಸನಕ್ಕೆ ಈ ಕೃತ್ಯವು ಒಳಪಡುವುದಿಲ್ಲವೆಂದು 2021ರಲ್ಲಿ ಅಮೆರಿಕದ ಸರ್ವೋಚ್ಚ ನ್ಯಾಯಾಲಯವು 6 ಮಂದಿಯ ಬಹುಮತದಿಂದ ತೀರ್ಮಾನಿಸಿತು. ನ್ಯಾಯಾಲಯಕ್ಕೂ ಕಾರಣವಿತ್ತು: ಉದ್ದೇಶವನ್ನೇ ಅಪರಾಧದ ಅಳತೆಗೋಲಾಗಿ ಹಿಡಿದರೆ, ಕಚೇರಿಯ ಕಂಪ್ಯೂಟರಿನಲ್ಲಿ ಮನೆಗೊಂದು ಪತ್ರ ಬರೆದ ಗುಮಾಸ್ತನೂ ಸೆರೆಮನೆಗೆ ಹೋಗಬೇಕಾದೀತು. ಕಾನೂನು ಬಾಗಿಲಿನವರೆಗೆ ಬಂದು ನಿಂತಿತು. ಬಾಗಿಲಿನ ಒಳಗೆ ನಂಬಿಗಸ್ತನು ಹೇಗೆ ನಡೆಯಬೇಕೆಂಬುದು ಬಹುಮಟ್ಟಿಗೆ ಧರ್ಮಕ್ಕೆ ಬಿಟ್ಟ ಮಾತಾಯಿತು. ಬೇಲಿಯೇ ಎದ್ದು ಹೊಲವನ್ನು ಮೇಯುವುದೆಂದು ನಮ್ಮ ಹಿರಿಯರು ಹೇಳಿದುದು ಇಂಥ ಸಂದರ್ಭವನ್ನೇ. ಕಳ್ಳನ ದೋಷಕ್ಕಿಂತ ಇಟ್ಟುಕೊಂಡವನ ದೋಷವು ಹೆಚ್ಚಿನದು. ಏಕೆಂದರೆ ಅವನು ವಸ್ತುವಿನ ಜೊತೆಗೆ ನಂಬಿಕೆಯನ್ನೂ ಮುರಿಯುತ್ತಾನೆ.

ಈ ಮಾತು ಮನೆಯೊಳಕ್ಕೂ ಬರಬೇಕು. ಹೊರಗಿನ ಕಳ್ಳನಿಗೆ ಹೆದರಿ ಹತ್ತು ಬೀಗಗಳನ್ನು ಹಾಕುವವರು, ಹೆಂಡತಿಯ ಫೋನನ್ನು ಕೇಳದೆ ತೆಗೆದು ನೋಡುವುದನ್ನು ತಮ್ಮ ಹಕ್ಕೆಂದು ಭಾವಿಸುವುದುಂಟು. ಗಂಡನು ಸ್ನಾನಕ್ಕೆ ಹೋದಾಗ ಅವನ ಫೋನನ್ನು ಶೋಧಿಸುವ ಹೆಂಡತಿಯೂ ಉಂಟು. ಪ್ರೀತಿಯಿದ್ದಲ್ಲಿ ಗುಟ್ಟೇಕೆಂಬುದು ಇವರ ವಾದ. ಆದರೆ ಪ್ರೀತಿಯಿಂದ ತೆರೆದುಕೊಡುವುದು ಒಂದು, ಸಂಶಯದಿಂದ ತೆರೆದುಕೊಳ್ಳುವುದು ಇನ್ನೊಂದು. ಎರಡರಲ್ಲಿಯೂ ತಿಳಿದ ವಿಷಯವು ಒಂದೇ ಆಗಿರಬಹುದು. ತಿಳಿದ ಬಳಿಕ ಉಳಿದ ಸಂಬಂಧವು ಒಂದೇ ಅಲ್ಲ. 2025ರ ಜುಲೈ ತಿಂಗಳಿನಲ್ಲಿ ಭಾರತದ ಸರ್ವೋಚ್ಚ ನ್ಯಾಯಾಲಯವು, ದಂಪತಿಗಳಲ್ಲೊಬ್ಬರು ಗುಟ್ಟಾಗಿ ಧ್ವನಿಮುದ್ರಿಸಿಕೊಂಡ ಸಂಭಾಷಣೆಯು ವಿಚ್ಛೇದನದ ವ್ಯಾಜ್ಯದಲ್ಲಿ ಸಾಕ್ಷ್ಯವಾಗಿ ಬರಬಹುದೆಂದು ಹೇಳಿತು; ಹಾಗೆ ಹೊಂಚುಹಾಕುವ ಸ್ಥಿತಿಗೆ ಬಂದ ದಾಂಪತ್ಯದಲ್ಲಿ ನಂಬಿಕೆಯು ಆಗಲೇ ಮುರಿದಿದೆಯೆಂಬ ಅಭಿಪ್ರಾಯವನ್ನೂ ಸೂಚಿಸಿತು. ನ್ಯಾಯಾಲಯದಲ್ಲಿ ಸಲ್ಲುವ ಸಾಕ್ಷ್ಯವೆಲ್ಲ ಸಜ್ಜನಿಕೆಯಿಂದ ಸಂಪಾದಿಸಿದ್ದೇ ಆಗಬೇಕೆಂದಿಲ್ಲ. ಮಕ್ಕಳ ವಿಷಯವು ಇದಕ್ಕಿಂತ ಸೂಕ್ಷ್ಮ. ಚಿಕ್ಕ ಮಗುವಿನ ಇಚ್ಛೆಗೆ ತಂದೆತಾಯಿಗಳೇ ಧಾರಕರು. ಅಲ್ಲಿ ನೋಡಿಕೊಳ್ಳುವುದು ಕರ್ತವ್ಯವೇ. ಆದರೆ ಮಗುವು ಬೆಳೆದ ಹಾಗೆಲ್ಲ ಆ ಅಧಿಕಾರವು ಕಿರಿದಾಗುತ್ತ ಬರಬೇಕು. ಮತ್ತು ನೋಡುತ್ತಿದ್ದೇವೆಂಬುದನ್ನು ಅದಕ್ಕೆ ತಿಳಿಸಿಯೇ ನೋಡಬೇಕು. ಮರೆಯಲ್ಲಿ ನಿಂತು ಕಾಯುವುದರಿಂದ ಮಕ್ಕಳು ಕಲಿಯುವುದು ಸತ್ಯವನ್ನಲ್ಲ, ಇನ್ನೂ ಗಟ್ಟಿಯಾದ ಮರೆಯನ್ನು.

ಇನ್ನು ರಾಜ್ಯಾಧಿಕಾರದ ಸಂಗತಿ. ಸರಕಾರವು ಅಪ್ಪಣೆಯಿಲ್ಲದೆ ಒಳಬರಬಹುದೇ? ಕೊಲೆಗಾರನನ್ನು ಹಿಡಿಯಲು ಅವನ ಅಪ್ಪಣೆಯನ್ನೇ ಕೇಳಬೇಕೆಂದರೆ ದಂಡನೀತಿಯೇ ನಿಂತುಹೋದೀತು. ಮಾಹಿತಿ ತಂತ್ರಜ್ಞಾನ ಅಧಿನಿಯಮದ 69ನೆಯ ಪ್ರಕರಣವು, ದೇಶರಕ್ಷಣೆ ಮೊದಲಾದ ಕಾರಣಗಳಿಗಾಗಿ, ಗೂಢಲಿಪಿಯನ್ನು ಬಿಡಿಸಿಕೊಡುವಂತೆ ಆಜ್ಞಾಪಿಸುವ ಅಧಿಕಾರವನ್ನು ಸರಕಾರಕ್ಕೆ ಕೊಟ್ಟಿದೆ. ಸಹಾಯಮಾಡದವನಿಗೆ 7 ವರ್ಷದವರೆಗೆ ಸೆರೆಯುಂಟು. ಇಷ್ಟು ಬಲವಾದ ಕೈಗೆ ಕಡಿವಾಣವೂ ಅಷ್ಟೇ ಬಲವಾಗಿರಬೇಕು. ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಾಧೀಶರಾಗಿದ್ದ ಕೆ. ಎಸ್. ಪುಟ್ಟಸ್ವಾಮಿಯವರು 2012ರಲ್ಲಿ ಹೂಡಿದ ಮೊಕದ್ದಮೆಯಲ್ಲಿ, 2017ರ ಆಗಸ್ಟ್ 24ರಂದು ಸರ್ವೋಚ್ಚ ನ್ಯಾಯಾಲಯದ 9 ಮಂದಿ ನ್ಯಾಯಾಧೀಶರು ಒಮ್ಮತದಿಂದ ಖಾಸಗಿತನವು ಮೂಲಭೂತ ಹಕ್ಕೆಂದು ಸಾರಿದರು. ಆ ಹಕ್ಕಿನಲ್ಲಿ ಸರಕಾರವು ಕೈಹಾಕಬೇಕಾದರೆ ಅದಕ್ಕೊಂದು ಶಾಸನವಿರಬೇಕು, ಉದ್ದೇಶವು ನ್ಯಾಯವಾಗಿರಬೇಕು, ಕೈಹಾಕುವ ಪ್ರಮಾಣವು ಉದ್ದೇಶಕ್ಕೆ ತಕ್ಕಷ್ಟೇ ಇರಬೇಕು. ಬಂಧಿತನ ಫೋನನ್ನು ಶೋಧಿಸಲು ಸಾಮಾನ್ಯವಾಗಿ ವಾರಂಟು ಬೇಕೆಂದು ಅಮೆರಿಕದ ಸರ್ವೋಚ್ಚ ನ್ಯಾಯಾಲಯವು 2014ರಲ್ಲಿ ಹೇಳಿತ್ತು. ನಮ್ಮ ಕರ್ನಾಟಕ ಉಚ್ಚ ನ್ಯಾಯಾಲಯವೂ 2021ರಲ್ಲಿ ಅದೇ ಹಾದಿಯನ್ನು ಹಿಡಿದು, ತುರ್ತಿನ ಸಮಯದಲ್ಲಿ ವಾರಂಟಿಲ್ಲದೆ ಶೋಧಿಸುವುದಾದರೆ ಅದರ ಕಾರಣವನ್ನು ಬರೆದಿಡಬೇಕೆಂದಿತು. ಕಾರಣವನ್ನು ಬರೆದಿಡಬೇಕಾದವನು ಕಾರಣವಿಲ್ಲದೆ ಕೈಹಾಕಲು ಹಿಂಜರಿಯುತ್ತಾನೆ. ಒಡೆಯನ ಅಪ್ಪಣೆಯಿಲ್ಲದ ಕಡೆ, ಇಬ್ಬರಿಗೂ ಹೊರಗಿನವನಾದ ನ್ಯಾಯಾಧೀಶನ ಅಪ್ಪಣೆಯಾದರೂ ಇರಬೇಕೆಂಬುದೇ ಇದರ ಮರ್ಮ.

ಕೊನೆಯದಾಗಿ ಬರುವ ಪೂರ್ವಪಕ್ಷವು ಎಲ್ಲಕ್ಕಿಂತ ಹೆಚ್ಚು ಕೇಳಿಬರುವುದು: ತಪ್ಪುಮಾಡದವನಿಗೆ ಮುಚ್ಚಿಡುವುದೇನಿದೆ? ಈ ಪ್ರಶ್ನೆಯನ್ನು ಕೇಳುವವರೂ ರಾತ್ರಿ ತಮ್ಮ ಮನೆಯ ಕದವನ್ನು ಮುಚ್ಚಿಯೇ ಮಲಗುತ್ತಾರೆ. ಮುಚ್ಚಿದ ಕದದ ಹಿಂದೆ ಅವರು ಪಾಪವನ್ನು ಮಾಡುತ್ತಿಲ್ಲ. ಊಟಮಾಡುತ್ತಾರೆ, ಅಳುತ್ತಾರೆ, ದೇವರಿಗೆ ಕೈಮುಗಿಯುತ್ತಾರೆ. ಮನುಷ್ಯನು ತನ್ನ ಆಲೋಚನೆಯನ್ನು ಇನ್ನೂ ಹಸಿಯಾಗಿರುವಾಗ ಯಾರೂ ನೋಡದ ಸ್ಥಳದಲ್ಲಿ ಮಾಗಿಸಿಕೊಳ್ಳುತ್ತಾನೆ. ಅರ್ಧ ಬರೆದ ಪತ್ರವನ್ನು ಹರಿದುಹಾಕುವ ಸ್ವಾತಂತ್ರ್ಯವಿಲ್ಲದವನು ಪೂರ್ಣಪತ್ರವನ್ನು ಮನಸ್ಸಿಟ್ಟು ಬರೆಯಲಾರನು. ಸದಾ ಯಾರೋ ನೋಡುತ್ತಿರುವರೆಂಬ ಅಂಜಿಕೆಯಲ್ಲಿ ಬಾಳುವವನು ತಪ್ಪನ್ನು ಮಾತ್ರವೇ ಬಿಡುವುದಿಲ್ಲ, ಧೈರ್ಯದ ಮಾತನ್ನೂ ಬಿಡುತ್ತಾನೆ. ಅಪ್ಪಣೆಯಿಲ್ಲದ ಪ್ರವೇಶದಿಂದ ಯಾರಿಗೂ ನಷ್ಟವಿಲ್ಲವೆಂಬ ಲೆಕ್ಕದಲ್ಲಿ ಈ ನಷ್ಟವು ಸೇರಿಲ್ಲ.

ಹೀಗೆ ವಿಚಾರಮಾಡಿದರೆ, ಬೀಗ, ಕಾನೂನು, ಅಪ್ಪಣೆ ಈ ಮೂರರಲ್ಲಿ ಅಪ್ಪಣೆಯೇ ಮೂಲವೆಂದೂ, ಉಳಿದೆರಡು ಅದಕ್ಕೆ ಕಾವಲೆಂದೂ ತಿಳಿಯಬರುತ್ತದೆ. ಬೀಗವು ಅಪರಿಚಿತನಿಗೆ, ಕಾನೂನು ಬೀಗವನ್ನು ಮುರಿದವನಿಗೆ. ಬೀಗದ ಕೈಯನ್ನು ಹಿಡಿದ ಪತಿಗೆ, ಪತ್ನಿಗೆ, ಗೆಳೆಯನಿಗೆ, ರಿಪೇರಿಯವನಿಗೆ, ಅಧಿಕಾರಿಗೆ, ಸಂಯಮವೊಂದೇ ಕಾವಲು. ಅವರ ಸಂಯಮವು ಸಡಿಲಿದ ಸಮಾಜದಲ್ಲಿ ಜನರು ಬೀಗದ ಮೇಲೆ ಬೀಗವನ್ನು ಹೇರುತ್ತ ಹೋಗಬೇಕಾಗುತ್ತದೆ. ಕಡೆಗೆ ಮನೆಯವರಿಗೂ ಮನೆಯವರಿಗೂ ನಡುವೆ ಬೀಗಗಳು ಬೀಳುತ್ತವೆ. ಇನ್ನೊಬ್ಬರ ಸಾಧನವು ನಮ್ಮ ಕೈಗೆ ಬಂದಾಗ, ಅದು ತೆರೆದಿದ್ದರೂ ಮುಚ್ಚಿದ್ದರೂ, ಅದನ್ನೊಂದು ಇಡುಗಂಟೆಂದು ಎಣಿಸಿ, ಯಾವ ಕೆಲಸಕ್ಕೆ ಕೊಟ್ಟರೋ ಅದಕ್ಕೆ ಬಳಸಿ, ಕೊಟ್ಟ ಹಾಗೆ ಹಿಂದಕ್ಕೆ ಕೊಡುವ ಅಭ್ಯಾಸವು ನಮ್ಮಲ್ಲಿ ಬೆಳೆಯಬೇಕು. ಕಲ್ಯಾಣದಲ್ಲಿ ಕುಳಿತ ವಿಜ್ಞಾನೇಶ್ವರನಿಗೆ ಇಂದಿನ ಯಂತ್ರಗಳ ಕನಸೂ ಇರಲಿಲ್ಲ. ಆದರೂ ಮುಚ್ಚಿದ ಭರಣಿಯನ್ನು ತೆರೆಯದೆ ಹಿಂತಿರುಗಿಸಬೇಕೆಂದು ಅವನು ವ್ಯಾಖ್ಯಾನಿಸಿದ ಧರ್ಮವು ಈ ಯಂತ್ರಗಳಿಗೂ ಸಾಕಾಗುವಷ್ಟಿದೆ. ನಡೆಸಬೇಕಾದುದು ನಮ್ಮ ಕೆಲಸ.